ಹತ್ತು ದಿನಗಳಿಂದ ಮಲ ವಿಸರ್ಜಿಸದ ಇಗುವಾನಾ: ನೀರಿನ ಕೊರತೆಯೇ, ಹೊಟ್ಟೆಯ ತೊಂದರೆಯೇ?

ಪ್ರಶ್ನೆ
ಸಪ್ತಾಪುರದ ಶಿಕ್ಷಕಿ, ಧಾರವಾಡ
ಜನವರಿ 11, ಸಂಜೆ

ಎಲ್ಲರಿಗೂ ನಮಸ್ಕಾರ. ನಮ್ಮ ಮನೆಯಲ್ಲಿ ಸುಮಾರು ಮೂರೂವರೆ ವರ್ಷದ ಹಸಿರು ಇಗುವಾನಾ (ಸೊಪ್ಪು ತಿನ್ನುವ ದೊಡ್ಡ ಹಲ್ಲಿ) ಇದೆ. ಮರಿಯಾಗಿದ್ದಾಗ ನನ್ನ ಮಗ ಆಸೆಪಟ್ಟು ತಂದದ್ದು. ಅವನು ಓದಲು ಬೆಂಗಳೂರಿಗೆ ಹೋದ ಮೇಲೆ, ಕಳೆದ ಆರು ತಿಂಗಳಿಂದ, ಅದರ ಆರೈಕೆ ಪೂರ್ತಿಯಾಗಿ ನನ್ನ ಪಾಲಿಗೆ ಬಂದಿದೆ. ಓಣಿಯವರು ಇದನ್ನು ಉಡ ಎಂದು ತಿಳಿದು ಗಾಬರಿಯಾಗಿದ್ದುಂಟು. ಆದ್ದರಿಂದ ಮೊದಲೇ ಹೇಳಿಬಿಡುತ್ತೇನೆ, ಕೇಂದ್ರ ಸರ್ಕಾರದ ಪರಿವೇಶ್ 2.0 ಜಾಲತಾಣದಲ್ಲಿ ಇದರ ನೋಂದಣಿ ಮಾಡಿಸಿದ್ದೇವೆ.

ತೊಂದರೆ ಹೀಗಿದೆ. ಮೊದಲೆಲ್ಲ ಇದು ದಿನಕ್ಕೊಮ್ಮೆ, ತಪ್ಪಿದರೆ ಎರಡು ದಿನಕ್ಕೊಮ್ಮೆ ಮಲ ವಿಸರ್ಜಿಸುತ್ತಿತ್ತು. ಡಿಸೆಂಬರ್ ಮಧ್ಯದಿಂದ ಅದು ಮೂರು ನಾಲ್ಕು ದಿನಕ್ಕೊಮ್ಮೆ ಆಯಿತು. ಮಲದ ಜೊತೆ ಬೀಳುವ ಬಿಳಿಯ ಭಾಗ ಹಿಂದೆ ಸುಣ್ಣದ ತಿಳಿಯಂತೆ ಮೆತ್ತಗೆ ಇರುತ್ತಿದ್ದದ್ದು, ಹಳದಿಗೆ ತಿರುಗಿ, ಒಣಗಿದ ಮೇಲೆ ಬಳಪದ ಚೂರಿನಂತೆ ಗಟ್ಟಿಯಾಗತೊಡಗಿತು. ಈಗ ಹತ್ತು ದಿನಗಳಿಂದ ಏನೂ ಬಿದ್ದಿಲ್ಲ. ನಾಲ್ಕು ದಿನಗಳಿಂದ ಆಹಾರವನ್ನೂ ಮುಟ್ಟಿಲ್ಲ. ಅಡುಗೆಮನೆಯ ತಕ್ಕಡಿಯಲ್ಲಿ ಇಟ್ಟು ನೋಡಿದೆ. ನವೆಂಬರಿನಲ್ಲಿ 1,780 ಗ್ರಾಂ ಇದ್ದದ್ದು ಈಗ 1,640 ಗ್ರಾಂ ಇದೆ. ಕಣ್ಣುಗಳು ಸ್ವಲ್ಪ ಒಳಗೆ ಹೋದಂತೆ ಕಾಣುತ್ತವೆ. ಎರಡು ಬೆರಳುಗಳ ತುದಿಯಲ್ಲಿ ಹಳೆಯ ಪೊರೆ ಬಿಡದೆ ಅಂಟಿಕೊಂಡಿದೆ.

ಅದನ್ನು ಇಟ್ಟಿರುವುದು ನಾಲ್ಕು ಅಡಿ ಅಗಲ, ಎರಡು ಅಡಿ ಆಳ, ಐದು ಅಡಿ ಎತ್ತರದ ಕಟ್ಟಿಗೆಯ ಪೆಟ್ಟಿಗೆ; ಮುಂಭಾಗಕ್ಕೆ ಜಾಳಿಗೆ. ಮೇಲೆ 60 ವ್ಯಾಟ್‌ನ ಒಂದು ಬಲ್ಬು, ಪಕ್ಕದಲ್ಲಿ ಯುವಿಬಿ (ಬಿಸಿಲಿನಲ್ಲಿರುವಂಥ ಅತಿನೇರಳೆ ಕಿರಣ ಕೊಡುವ) ಟ್ಯೂಬು. ಟ್ಯೂಬು ಎರಡು ವರ್ಷದ ಹಿಂದಿನದು, ಇನ್ನೂ ಚೆನ್ನಾಗಿ ಉರಿಯುತ್ತದೆ. ಆಹಾರವಾಗಿ ಪಾಲಕ, ರಾಜಗಿರಿ, ಸವತೆಕಾಯಿ, ಗಜ್ಜರಿ ಕೊಡುತ್ತೇನೆ. ಮಾರಿದವರು ಹೇಳಿದ್ದರಿಂದ ವಾರಕ್ಕೊಂದು ಬೇಯಿಸಿದ ಮೊಟ್ಟೆಯನ್ನೂ ಕೊಡುತ್ತಿದ್ದೆವು. ನೀರಿನ ಬಟ್ಟಲು ಸದಾ ತುಂಬಿರುತ್ತದೆ, ಆದರೆ ಅದು ಕುಡಿಯುವುದನ್ನು ನಾನು ಅಷ್ಟಾಗಿ ಕಂಡಿಲ್ಲ.

ನಮ್ಮ ಅತ್ತೆಯವರು ಒಂದು ಚಮಚ ಔಡಲೆಣ್ಣೆ ಕುಡಿಸಿಬಿಡು, ಬೆಳಗಾಗುವುದರೊಳಗೆ ಹೊಟ್ಟೆ ಸ್ವಚ್ಛವಾಗುತ್ತದೆ ಎನ್ನುತ್ತಿದ್ದಾರೆ. ಮನೆಯ ಮಕ್ಕಳಿಗೆಲ್ಲ ಅವರು ಹಾಗೆಯೇ ಮಾಡಿದವರು. ನನಗೆ ಧೈರ್ಯ ಸಾಲುತ್ತಿಲ್ಲ. ಕೊಡಬಹುದೇ? ಕೊಡಬಾರದಾದರೆ ಏನು ಮಾಡಬೇಕು? ಬಲ್ಲವರು ದಯವಿಟ್ಟು ತಿಳಿಸಿ.

ಉತ್ತರ
ವಿದ್ಯಾನಗರದ ಓದುಗ, ಹುಬ್ಬಳ್ಳಿ
ಜನವರಿ 11, ರಾತ್ರಿ

ಮೇಡಂ, ನಮಸ್ಕಾರ. ಒಂಬತ್ತು ವರ್ಷಗಳಿಂದ ಇಗುವಾನಾ ಸಾಕಿರುವ ಅನುಭವದಿಂದ ಬರೆಯುತ್ತಿದ್ದೇನೆ. ಔಡಲೆಣ್ಣೆಯನ್ನಾಗಲಿ ಬೇರೆ ಯಾವ ಎಣ್ಣೆಯನ್ನಾಗಲಿ ದಯವಿಟ್ಟು ಕುಡಿಸಬೇಡಿ. ಈ ಪ್ರಾಣಿಯ ಶ್ವಾಸನಾಳದ ಬಾಯಿ ನಾಲಿಗೆಯ ಬುಡದಲ್ಲೇ ತೆರೆದುಕೊಳ್ಳುತ್ತದೆ. ಬಲವಂತವಾಗಿ ಬಾಯಿ ತೆರೆಸಿ ಎಣ್ಣೆ ಹಾಕುವಾಗ ಅದು ಕೊಸರಾಡಿದರೆ ಎಣ್ಣೆ ಶ್ವಾಸಕೋಶಕ್ಕೆ ಇಳಿಯುತ್ತದೆ, ಆಗ ಉಂಟಾಗುವ ನ್ಯುಮೋನಿಯಾ ಮಲಬದ್ಧತೆಗಿಂತ ಬೇಗ ಪ್ರಾಣ ತೆಗೆಯುತ್ತದೆ. ಎಣ್ಣೆ ಸರಿಯಾಗಿ ಹೊಟ್ಟೆಗೇ ಹೋಯಿತೆಂದುಕೊಂಡರೂ, ಒಳಗೆ ಒಣಗಿ ಕುಳಿತಿರುವ ಗಟ್ಟಿಯ ಮೇಲೆ ಕರುಳನ್ನು ಹಿಂಡಿಸಿದಂತಾಗುತ್ತದೆಯೇ ಹೊರತು ಗಟ್ಟಿ ಕರಗುವುದಿಲ್ಲ. ಅತ್ತೆಯವರ ಕಾಳಜಿ ನನಗೆ ಅರ್ಥವಾಗುತ್ತದೆ. ನಮ್ಮ ಅಜ್ಜಿಯೂ ಹಾಗೆಯೇ ಮಾಡುತ್ತಿದ್ದರು. ಆದರೆ ಮಗುವಿನ ಹೊಟ್ಟೆ ಬೇರೆ, ಇದರ ಹೊಟ್ಟೆ ಬೇರೆ.

ಇಗುವಾನಾ ಸೊಪ್ಪು ತಿಂದು ಬದುಕುವ ಜೀವಿ. ಸೊಪ್ಪಿನ ನಾರನ್ನು ಅದು ತಾನೇ ಜೀರ್ಣಿಸಿಕೊಳ್ಳಲಾರದು. ದೊಡ್ಡಕರುಳಿನಲ್ಲಿ ಮನೆಮಾಡಿಕೊಂಡಿರುವ ಸೂಕ್ಷ್ಮಜೀವಿಗಳು, ಹಿಟ್ಟು ಹುದುಗು ಬರಿಸಿದಂತೆ, ಆ ನಾರನ್ನು ಹುದುಗಿಸಿ ಕೊಡುತ್ತವೆ. ಕಾಡಿನಲ್ಲಿ ಮೊಟ್ಟೆಯೊಡೆದು ಬಂದ ಮರಿಗಳು ದೊಡ್ಡವುಗಳ ಲದ್ದಿಯನ್ನು ತಿಂದು ಆ ಸೂಕ್ಷ್ಮಜೀವಿಗಳನ್ನು ಪಡೆದುಕೊಳ್ಳುತ್ತವೆ ಎಂಬುದನ್ನು ಓದಿದಾಗ ನನಗೆ ಬಹಳ ಬೆರಗಾಗಿತ್ತು. ಈ ಹುದುಗುವಿಕೆ ನಡೆಯಬೇಕಾದರೆ ಮೈ ಬಿಸಿಯಾಗಿರಬೇಕು, ಮತ್ತು ಇಗುವಾನಾ ತನ್ನ ಮೈಯನ್ನು ತಾನೇ ಬಿಸಿ ಮಾಡಿಕೊಳ್ಳಲಾರದು. ಬಿಸಿ ಕಾಯುವ ಹಲಗೆಯ ಮೇಲೆ ಹಗಲು 35ರಿಂದ 38 ಡಿಗ್ರಿ ಸೆಲ್ಸಿಯಸ್ ಸಿಗಬೇಕು, ಪೆಟ್ಟಿಗೆಯ ಉಳಿದ ಭಾಗದಲ್ಲಿ 27ರಿಂದ 32 ಡಿಗ್ರಿ ಇರಬೇಕು, ರಾತ್ರಿಯೂ 23ಕ್ಕಿಂತ ಕೆಳಗೆ ಇಳಿಯಬಾರದು. ಧಾರವಾಡದ ಜನವರಿಯ ರಾತ್ರಿ ಹೇಗಿರುತ್ತದೆಂದು ನಾನು ತಮಗೆ ಹೇಳಬೇಕಾಗಿಲ್ಲ. ಐದು ಅಡಿ ಎತ್ತರದ ಜಾಳಿಗೆಯ ಪೆಟ್ಟಿಗೆಗೆ 60 ವ್ಯಾಟ್‌ನ ಒಂದೇ ಬಲ್ಬು ಸಾಲುವುದಿಲ್ಲವೆಂದು ನನ್ನ ಬಲವಾದ ಅನುಮಾನ. ಮೈ ತಣ್ಣಗಾದರೆ ಆಹಾರ ಕರುಳಿನಲ್ಲಿ ನಿಂತುಬಿಡುತ್ತದೆ. ನಿಂತಷ್ಟು ಹೊತ್ತೂ ಕರುಳು ಅದರಿಂದ ನೀರನ್ನು ಹೀರುತ್ತಲೇ ಇರುತ್ತದೆ. ಡಿಸೆಂಬರಿನಿಂದ ತೊಂದರೆ ಶುರುವಾಯಿತೆಂಬ ಮಾತೇ ಇದಕ್ಕೆ ಸಾಕ್ಷಿ.

ನೀರಿನ ವಿಷಯ. ಮರದ ಮೇಲೆ ಬದುಕುವ ಈ ಪ್ರಾಣಿ ಎಲೆಯ ಮೇಲಿನ ಹನಿಗಳನ್ನು ನೆಕ್ಕಿ ಕುಡಿಯುತ್ತದೆ, ಬಹುಪಾಲು ನೀರನ್ನು ತಿನ್ನುವ ಸೊಪ್ಪಿನಿಂದಲೇ ಪಡೆಯುತ್ತದೆ. ಬಟ್ಟಲಿನಲ್ಲಿ ನಿಶ್ಚಲವಾಗಿ ನಿಂತ ನೀರನ್ನು ಎಷ್ಟೋ ಇಗುವಾನಾಗಳು ಕುಡಿಯುವ ನೀರೆಂದು ಗುರುತಿಸುವುದೇ ಇಲ್ಲ. ಸಂಕ್ರಾಂತಿಯ ಹೊತ್ತಿಗೆ ನಮ್ಮಲ್ಲಿ ಬೀಸುವ ಒಣ ಮೂಡುಗಾಳಿಗೆ ನಮ್ಮ ತುಟಿಗಳೇ ಒಡೆಯುತ್ತವೆ. ಗಾಳಿಯಲ್ಲಿ ನೂರಕ್ಕೆ 65ರಿಂದ 80ರಷ್ಟು ತೇವಾಂಶವಿರುವ ಕಾಡಿನಿಂದ ಬಂದ ಜೀವಿಯ ಪಾಡನ್ನು ಊಹಿಸಿಕೊಳ್ಳಿ. ಬೆರಳಿನ ತುದಿಯ ಪೊರೆ ಬಿಡದಿರುವುದೂ ಈ ಒಣಹವೆಯ ಗುರುತೇ. ಅದನ್ನು ಕಿತ್ತೆಳೆಯಬೇಡಿ.

ಇಂದು ರಾತ್ರಿಯೇ ಮಾಡಬಹುದಾದದ್ದು ಇಷ್ಟು. ಅಡುಗೆಗೆ ಬಳಸದ ದೊಡ್ಡ ಪ್ಲಾಸ್ಟಿಕ್ ಬುಟ್ಟಿಯಲ್ಲಿ 30ರಿಂದ 32 ಡಿಗ್ರಿಯ ನೀರನ್ನು ಅದರ ಮೊಣಕೈ ಮುಳುಗುವಷ್ಟು ಮಾತ್ರ ತುಂಬಿಸಿ. ಕೈಗೆ ಬೆಚ್ಚಗೂ ತಣ್ಣಗೂ ಅನ್ನಿಸದಷ್ಟು ಹದವಿದ್ದರೆ ಸಾಕು, ನಮ್ಮ ಸ್ನಾನದ ಬಿಸಿನೀರು ಅದಕ್ಕೆ ಸುಡುತ್ತದೆ. ಹದಿನೈದು ಇಪ್ಪತ್ತು ನಿಮಿಷ ಅದರಲ್ಲಿ ಬಿಟ್ಟು ಪಕ್ಕದಲ್ಲೇ ಕುಳಿತಿರಿ, ಕ್ಷಣವೂ ಅತ್ತ ಹೋಗಬೇಡಿ. ಚರ್ಮದ ಮೂಲಕ ನೀರು ಒಳಗೆ ಹೋಗುತ್ತದೆಂದು ಕೆಲವರು ಹೇಳುತ್ತಾರೆ. ಹುರುಪೆಯಿಂದ ಮುಚ್ಚಿದ ಆ ಚರ್ಮ ಇರುವುದೇ ನೀರನ್ನು ತಡೆಯಲು. ಸ್ನಾನದ ಪ್ರಯೋಜನ ಬೇರೆ: ಮೈ ಬೆಚ್ಚಗಾಗುತ್ತದೆ, ತಲೆ ತಗ್ಗಿಸಿ ಕುಡಿಯುವ ಸಾಧ್ಯತೆ ಇರುತ್ತದೆ, ಮತ್ತು ಇಗುವಾನಾಗಳಿಗೆ ನೀರಿನಲ್ಲಿಯೇ ಮಲ ವಿಸರ್ಜಿಸುವ ಸ್ವಭಾವವಿದೆ. ಮುಗಿದ ಮೇಲೆ ಒರೆಸಿ, ಬಿಸಿಯ ಹಲಗೆಗೇ ಬಿಡಿ. ಬುಟ್ಟಿಯನ್ನೂ ಕೈಯನ್ನೂ ಸೋಪಿನಿಂದ ತೊಳೆಯುವುದನ್ನು ಮರೆಯಬಾರದು. ಆರೋಗ್ಯವಾಗಿರುವ ಸರೀಸೃಪದ ಕರುಳಿನಲ್ಲಿಯೂ ನಮಗೆ ಭೇದಿ, ಜ್ವರ ತರುವ ಸಾಲ್ಮೊನೆಲ್ಲಾ ಬ್ಯಾಕ್ಟೀರಿಯಾ ಇರಬಹುದು.

ನಾಳೆ ಹಲಗೆಯ ಉಷ್ಣತೆಯನ್ನೂ ಪೆಟ್ಟಿಗೆಯ ತೇವಾಂಶವನ್ನೂ ಅಳೆದು ಬರೆಯಿರಿ. ಕೋವಿಡ್ ಕಾಲದಲ್ಲಿ ಕೊಂಡ ಹಣೆಯ ಥರ್ಮಾಮೀಟರನ್ನು ಇದಕ್ಕೆ ನಂಬಬೇಡಿ, ಅದನ್ನು ಮನುಷ್ಯರ ಜ್ವರ ನೋಡಲು ಹೊಂದಿಸಿರುತ್ತಾರೆ. ಮೀನಿನ ತೊಟ್ಟಿಗೆಂದು ಮಾರುವ, ತಂತಿಯ ತುದಿಯಿಂದ ಅಳೆಯುವ ಡಿಜಿಟಲ್ ಮಾಪಕ ಸಾಕು.

ಉತ್ತರ
ನಿವೃತ್ತ ಪಶುವೈದ್ಯ, ಗದಗ
ಜನವರಿ 12, ಬೆಳಿಗ್ಗೆ

ಮೇಲಿನ ಉತ್ತರದಲ್ಲಿ ಹೇಳಿದ್ದೆಲ್ಲವೂ ಸರಿಯಾಗಿದೆ. ಆದರೆ ಸ್ನಾನ ಮಾಡಿಸುತ್ತ ಇನ್ನೊಂದು ವಾರ ಕಾಯೋಣ ಎಂದು ಯಾರೂ ಅಂದುಕೊಳ್ಳಬಾರದೆಂದು ನಾನು ಇದನ್ನು ಬರೆಯುತ್ತಿದ್ದೇನೆ. ಹತ್ತು ದಿನ ಮಲವಿಲ್ಲ, ನಾಲ್ಕು ದಿನ ಆಹಾರವಿಲ್ಲ, ತೂಕ 140 ಗ್ರಾಂ ಇಳಿದಿದೆ, ಕಣ್ಣು ಒಳಗೆ ಹೋಗಿದೆ: ಇಷ್ಟೂ ಒಟ್ಟಿಗೆ ಕಂಡಾಗ ಎಕ್ಸ್-ರೇ ತೆಗೆಸಲೇಬೇಕು. ಕಾರಣ ಹೇಳುತ್ತೇನೆ.

ನೀವು ಕಂಡ ಆ ಬಿಳಿಯ ಭಾಗ ಮಲವಲ್ಲ, ಮೂತ್ರದ ಅಂಶ. ನಾವು ದೇಹದ ಸಾರಜನಕದ ಕಶ್ಮಲವನ್ನು ಯೂರಿಯಾ ಮಾಡಿ ನೀರಿನಲ್ಲಿ ಕರಗಿಸಿ ಹೊರಹಾಕುತ್ತೇವೆ. ಇಗುವಾನಾ, ಹಲ್ಲಿ, ಹಾವುಗಳು ನೀರನ್ನು ಉಳಿಸಲೆಂದು ಅದನ್ನು ಯೂರಿಕ್ ಆಮ್ಲದ ಹಿಟ್ಟಾಗಿ ಹೊರಹಾಕುತ್ತವೆ. ಮಲ, ಮೂತ್ರ ಎರಡೂ ಕ್ಲೋಯಕಾ ಎಂಬ ಒಂದೇ ಕೋಣೆಗೆ ಬಂದು ಒಂದೇ ದ್ವಾರದಿಂದ ಬೀಳುತ್ತವೆ. ಆ ಹಿಟ್ಟು ಮೆತ್ತಗೆ, ಬಿಳಿಯಾಗಿದ್ದರೆ ದೇಹದಲ್ಲಿ ನೀರು ಸಾಕಷ್ಟಿದೆ ಎಂದರ್ಥ. ಹಳದಿಯಾಗಿ, ಗರುಸಾಗಿ, ಬಳಪದಂತಾದರೆ ನೀರು ಕಡಿಮೆಯಾಗಿ ಬಹಳ ದಿನವಾಯಿತೆಂದೇ ತಿಳಿಯಬೇಕು. ನೀರು ಇನ್ನೂ ಕಡಿಮೆಯಾದರೆ ಯೂರಿಕ್ ಆಮ್ಲ ಹೊರಗೆ ಬರಲಾರದೆ ಮೂತ್ರಪಿಂಡದಲ್ಲಿ, ಕೀಲುಗಳಲ್ಲಿ, ಹೃದಯದ ಸುತ್ತಲಿನ ಪೊರೆಯಲ್ಲಿ ಹರಳುಗಟ್ಟುತ್ತದೆ. ಇದನ್ನೇ ಗೌಟ್ ಎನ್ನುತ್ತಾರೆ. ವಾರಕ್ಕೊಂದು ಮೊಟ್ಟೆ ಕೊಟ್ಟದ್ದು ಇಲ್ಲಿ ಹಾನಿ ಮಾಡಿದೆ. ಪ್ರಾಣಿಜನ್ಯ ಪ್ರೋಟೀನು ಹೆಚ್ಚಾದಷ್ಟೂ ಯೂರಿಕ್ ಆಮ್ಲ ಹೆಚ್ಚುತ್ತದೆ. ಎಲೆ ತಿನ್ನುವ ಪ್ರಾಣಿಯ ಮೂತ್ರಪಿಂಡ ಆ ಭಾರವನ್ನು ವರ್ಷಗಟ್ಟಲೆ ಹೊರಲಾರದು. ಇಂದಿನಿಂದಲೇ ನಿಲ್ಲಿಸಿ.

ಎಕ್ಸ್-ರೇ ಬೇಕೆಂದು ಹಟ ಹಿಡಿಯುವುದಕ್ಕೆ ಮುಖ್ಯ ಕಾರಣ ಇಗುವಾನಾದ ದೇಹರಚನೆ. ಇದರ ಮೂತ್ರಪಿಂಡಗಳು ಸೊಂಟದ ಮೂಳೆಗಳ ಬಳೆಯೊಳಗೆ, ಬಹಳ ಹಿಂದಕ್ಕೆ ಇರುತ್ತವೆ. ದೊಡ್ಡಕರುಳು ಅದೇ ಬಳೆಯ ಮೂಲಕವೇ ಹಾದುಹೋಗಬೇಕು. ಮೂತ್ರಪಿಂಡ ಊದಿಕೊಂಡರೆ ಮೂಳೆ ಹಿಗ್ಗುವುದಿಲ್ಲ, ಕರುಳೇ ಅದುಮಿಸಿಕೊಳ್ಳುತ್ತದೆ. ಹೊರಗಿನಿಂದ ನೋಡಿದವರಿಗೆ ಅದು ಬರಿಯ ಮಲಬದ್ಧತೆಯಂತೆ ಕಾಣುತ್ತದೆ. ಅಂಥ ಪ್ರಾಣಿಗೆ ಭೇದಿ ಮಾಡಿಸುವ ಔಷಧ ಕೊಟ್ಟು ಕೊಟ್ಟು, ಮೂಲಕಾಯಿಲೆ ಕೈಮೀರಿದ ಮೇಲೆ ತಂದವರನ್ನು ನನ್ನ ಸೇವೆಯ ಕಾಲದಲ್ಲಿ ನೋಡಿದ್ದೇನೆ. ಆ ನೆನಪು ಈಗಲೂ ನೋವು ಕೊಡುತ್ತದೆ.

ಇನ್ನೊಂದು ಪ್ರಶ್ನೆ: ಇದು ಗಂಡೇ, ಹೆಣ್ಣೇ? ತೊಡೆಯ ಒಳಮೈಯಲ್ಲಿ ಸಾಲಾಗಿ ಚುಕ್ಕೆಯಂಥ ರಂಧ್ರಗಳಿರುತ್ತವೆ. ದೊಡ್ಡದಾಗಿ, ಮೇಣದ ಕಡ್ಡಿಯಂತೆ ಉಬ್ಬಿದ್ದರೆ ಗಂಡು, ಸಣ್ಣದಾಗಿ ಚಪ್ಪಟೆಯಾಗಿದ್ದರೆ ಹೆಣ್ಣು. ಹೆಣ್ಣಾಗಿದ್ದರೆ, ಗಂಡಿನ ಮುಖವನ್ನೇ ಕಾಣದಿದ್ದರೂ ಈ ವಯಸ್ಸಿನಲ್ಲಿ ಮೊಟ್ಟೆ ಕಟ್ಟಬಹುದು, ಅದೂ ಹೆಚ್ಚಾಗಿ ಈ ಚಳಿಗಾಲದ ತಿಂಗಳುಗಳಲ್ಲೇ. ಹೊಟ್ಟೆಯಲ್ಲಿ ಇಪ್ಪತ್ತಕ್ಕೂ ಹೆಚ್ಚು ಮೊಟ್ಟೆ ತುಂಬಿಕೊಂಡಾಗ ಆಹಾರಕ್ಕೂ ಮಲಕ್ಕೂ ಜಾಗವೇ ಉಳಿಯುವುದಿಲ್ಲ. ಮೊಟ್ಟೆ ಹೊತ್ತ ಹೆಣ್ಣು ಊಟ ಬಿಟ್ಟರೂ ಕಣ್ಣು ಚುರುಕಾಗಿರುತ್ತದೆ, ಮೂಲೆಗಳನ್ನು ಕೆರೆಯುತ್ತ ಓಡಾಡುತ್ತದೆ. ಮಂಕಾಗಿ ಕುಳಿತಿದ್ದರೆ ಅಪಾಯ ಹೆಚ್ಚು.

ಹಕ್ಕಿ, ಆಮೆಗಳನ್ನು ನೋಡಿ ಅಭ್ಯಾಸವಿರುವ ಪಶುವೈದ್ಯರಲ್ಲಿಗೇ ಕರೆದೊಯ್ಯಿರಿ. ನಿರ್ಜಲತೆ ತೀವ್ರವಾಗಿದ್ದರೆ ಅವರು ದೇಹತೂಕದ ಪ್ರತಿ ಕಿಲೋಗೆ ದಿನಕ್ಕೆ 10ರಿಂದ 30 ಮಿಲಿಲೀಟರ್ ದ್ರವವನ್ನು, ಬೆಚ್ಚಗೆ ಮಾಡಿ, ಚರ್ಮದ ಕೆಳಗೆ ಕೊಡುತ್ತಾರೆ. ಮೊದಲು ನೀರು ಮತ್ತು ಬಿಸಿ; ಆಹಾರ ಆಮೇಲೆ. ಒಣಗಿದ ಕರುಳಿಗೆ ಬಲವಂತದಿಂದ ಆಹಾರ ತುರುಕುವುದು ತಪ್ಪು. ಮಲ ಬಿದ್ದ ಕೂಡಲೇ ಸ್ವಲ್ಪವನ್ನು ಒಂದು ಡಬ್ಬಿಯಲ್ಲಿ ಪರೀಕ್ಷೆಗೆ ಕೊಡಿ, ದಾರದಂಥ ಸಣ್ಣ ಹುಳುಗಳು ಇಗುವಾನಾಗಳಲ್ಲಿ ಸಾಮಾನ್ಯ. ಜಂತಿನ ಔಷಧವನ್ನು ಅಂಗಡಿಯಿಂದ ತಾವೇ ತಂದು ಹಾಕಬೇಡಿ. ದನಕರುಗಳಿಗೆ ನಾವು ಧಾರಾಳವಾಗಿ ಬಳಸುವ ಐವರ್‌ಮೆಕ್ಟಿನ್ ಆಮೆಗಳಿಗೆ ಮಾರಕ ವಿಷ, ಈ ಮಾತನ್ನು ಇಲ್ಲಿ ಆಮೆ ಸಾಕಿದವರಿಗೂ ಸೇರಿಸಿಯೇ ಹೇಳುತ್ತಿದ್ದೇನೆ.

ಉತ್ತರ
ಹಾವೇರಿಯ ಆಮೆ ಸಾಕಣೆದಾರ
ಜನವರಿ 12, ಮಧ್ಯಾಹ್ನ

ನನ್ನ ಬಳಿ ಇರುವುದು ಕೆಂಪುಕಿವಿಯ ಆಮೆ, ಇಗುವಾನಾದ ಅನುಭವ ನನಗಿಲ್ಲ. ಒಮ್ಮೆ ಅದಕ್ಕೂ ಹೀಗೆಯೇ ಆಗಿತ್ತು. ಬರೀ ಒಣಸಿಗಡಿ ಹಾಕುತ್ತಿದ್ದೆ. ಸೊಪ್ಪು ಶುರು ಮಾಡಿ, ನೀರನ್ನು ಬೆಚ್ಚಗಿಟ್ಟ ಮೇಲೆ ಸರಿಹೋಯಿತು. ಅಕ್ಕಾವರೇ, ಸ್ವಲ್ಪ ತಿಳಿಮಜ್ಜಿಗೆಯನ್ನು ಸಿರಿಂಜಿನಿಂದ ಹಾಕಿ ನೋಡಬಹುದೇನೋ. ನಮಗೆ ಹೊಟ್ಟೆ ಕೆಟ್ಟಾಗ ಅದೇ ತಾನೇ ಹಿಡಿಯುವುದು?

ಉತ್ತರ
ನಿವೃತ್ತ ಪಶುವೈದ್ಯ, ಗದಗ
ಜನವರಿ 12, ಸಂಜೆ

ಮಜ್ಜಿಗೆ ಬೇಡ. ಹಾಲು ಕುಡಿದು ಬೆಳೆಯುವುದು ಸಸ್ತನಿಗಳ ಮರಿಗಳು. ಹಾಲಿನ ಸಕ್ಕರೆಯನ್ನು ಒಡೆಯುವ ವ್ಯವಸ್ಥೆ ಸರೀಸೃಪದ ಕರುಳಿಗೆ ಬೇಕಾಗಿಯೇ ಇರಲಿಲ್ಲ. ನಮ್ಮ ಭಾಗದಲ್ಲಿ ಪಂಚಮಿ ದೊಡ್ಡ ಹಬ್ಬ, ಹುತ್ತಕ್ಕೆ ಹಾಲೆರೆಯುವ ಭಕ್ತಿಯನ್ನು ನಾನು ಗೌರವಿಸುತ್ತೇನೆ. ಆದರೆ ಹಾವಾಡಿಗರ ಬುಟ್ಟಿಯಲ್ಲಿ ದಿನಗಟ್ಟಲೆ ನೀರಿಲ್ಲದೆ ಇಟ್ಟ ಹಾವು ಬಟ್ಟಲಿನ ಹಾಲನ್ನು ಕುಡಿಯುವುದು ಬಾಯಾರಿಕೆಯಿಂದ, ಆಮೇಲೆ ಅದು ನರಳುತ್ತದೆ. ನೀರಿನ ಜಾಗದಲ್ಲಿ ನೀರನ್ನೇ ಕೊಡಬೇಕು. ನಿಮ್ಮ ಆಮೆಯ ವಿಷಯದಲ್ಲಿ ನೀವು ಮಾಡಿದ ಬದಲಾವಣೆ ಸರಿಯಾಗಿದೆ. ಅದು ನೀರಿನೊಳಗೆ ಮಾತ್ರ ಆಹಾರ ನುಂಗಬಲ್ಲದು ಎಂಬುದನ್ನು ನೆನಪಿಟ್ಟುಕೊಳ್ಳಿ. ಸಾಕಲಾಗದ ದಿನ ಬಂದರೂ ಅದನ್ನು ಕೆರೆಗೆ ಬಿಡಬೇಡಿ, ನಮ್ಮ ನೆಲದ ಆಮೆಗಳ ಆಹಾರವನ್ನೂ ಜಾಗವನ್ನೂ ಅದು ಕಸಿದುಕೊಳ್ಳುತ್ತದೆ.

ಪ್ರತಿಕ್ರಿಯೆ
ಸಪ್ತಾಪುರದ ಶಿಕ್ಷಕಿ, ಧಾರವಾಡ
ಜನವರಿ 12, ರಾತ್ರಿ

ತಮ್ಮೆಲ್ಲರ ಉತ್ತರಗಳನ್ನು ಅತ್ತೆಯವರಿಗೂ ಓದಿ ಹೇಳಿದೆ. ಎಣ್ಣೆಯ ಮಾತನ್ನು ಅವರೇ ಬಿಟ್ಟರು. ಸ್ನಾನದ ನೀರಿನ ಹದ ನೋಡುವ ಕೆಲಸವನ್ನು ಈಗ ಅವರೇ ವಹಿಸಿಕೊಂಡಿದ್ದಾರೆ.

ಅಳೆದು ನೋಡಿದಾಗ ನನಗೆ ಬಹಳ ದುಃಖವಾಯಿತು. ಮಧ್ಯಾಹ್ನ ಎರಡು ಗಂಟೆಗೆ ಬಿಸಿಯ ಹಲಗೆಯ ಮೇಲೆ ಇದ್ದದ್ದು 28.5 ಡಿಗ್ರಿ ಮಾತ್ರ. ಬೆಳಗಿನ ಐದಕ್ಕೆ ಪೆಟ್ಟಿಗೆಯೊಳಗೆ 17 ಡಿಗ್ರಿ. ತೇವಾಂಶ ನೂರಕ್ಕೆ 31. ಇಷ್ಟು ದಿನ ಅದು ಚಳಿಯಲ್ಲಿ, ಬಾಯಾರಿ ಕುಳಿತಿತ್ತೆಂದು ತಿಳಿಯದೇ ಹೋಯಿತಲ್ಲ ಎನ್ನಿಸುತ್ತಿದೆ. ಬಾಯಿ ತೆರೆದಾಗ ಎಂಜಲು ಎಳೆ ಎಳೆಯಾಗಿ ಅಂಟುತ್ತಿತ್ತು. ಎರಡು ಬಾರಿ ಸ್ನಾನ ಮಾಡಿಸಿದೆವು. ಎರಡನೆಯ ಸಲ ತಲೆ ತಗ್ಗಿಸಿ ಒಂದು ನಿಮಿಷದಷ್ಟು ಹೊತ್ತು ಕುಡಿಯಿತು, ಆದರೆ ಮಲ ಬೀಳಲಿಲ್ಲ. ತೊಡೆಯ ರಂಧ್ರಗಳು ಸಣ್ಣವು, ಹೆಣ್ಣೆಂದೇ ತೋರುತ್ತದೆ. ಮೂಲೆ ಕೆರೆಯುವುದೇನೂ ಇಲ್ಲ, ಮಂಕಾಗಿಯೇ ಇದೆ. ನಾಳೆ ಬೆಳಿಗ್ಗೆ ಹುಬ್ಬಳ್ಳಿಯ ವೈದ್ಯರೊಬ್ಬರು ಸಮಯ ಕೊಟ್ಟಿದ್ದಾರೆ.

ಇನ್ನೆರಡು ಸಂಶಯಗಳು. ಅದು ಸೀನಿದಾಗ ಕಟ್ಟಿಗೆಯ ಮೇಲೆ ಬಿಳಿ ಪುಡಿ ಬೀಳುತ್ತದೆ, ನೆಗಡಿಯೇ? ನಮ್ಮಲ್ಲಿ ನಲ್ಲಿಯ ನೀರು ದಿನಾಲೂ ಬರುವುದಿಲ್ಲ, ಟ್ಯಾಂಕಿನಲ್ಲಿ ತುಂಬಿಟ್ಟ ಮಲಪ್ರಭೆಯ ನೀರನ್ನೇ ಕೊಡುತ್ತೇನೆ, ಅದರಿಂದ ತೊಂದರೆಯಾಗಿರಬಹುದೇ?

ಉತ್ತರ
ವಿದ್ಯಾನಗರದ ಓದುಗ, ಹುಬ್ಬಳ್ಳಿ
ಜನವರಿ 12, ರಾತ್ರಿ

ದುಃಖಪಡಬೇಡಿ ಮೇಡಂ. ಮಾರುವವರು ಹೇಳಿಕೊಡದೆ ಇದ್ದದ್ದನ್ನು ನಾವೆಲ್ಲ ಹೀಗೆಯೇ ಕಲಿತವರು. ನನ್ನ ಮೊದಲ ಇಗುವಾನಾ ಎರಡನೆಯ ಚಳಿಗಾಲವನ್ನು ದಾಟಲಿಲ್ಲ.

ಸೀನಿದ ಬಿಳಿ ಪುಡಿ ಉಪ್ಪು. ನೀರನ್ನು ಕಳೆದುಕೊಳ್ಳದೆ ಹೆಚ್ಚಿನ ಲವಣವನ್ನು ಹೊರಹಾಕಲೆಂದೇ ಇಗುವಾನಾದ ಮೂಗಿನಲ್ಲಿ ಗ್ರಂಥಿಗಳಿವೆ, ಅದು ಸಹಜ. ಮೂಗಿನಿಂದ ಲೋಳೆ ಬಂದರೆ, ಬಾಯಿ ತೆರೆದು ಉಸಿರಾಡಿದರೆ ಮಾತ್ರ ಚಿಂತಿಸಬೇಕು. ನೀರಿನ ಬಗ್ಗೆ: ನೀವು ಕುಡಿಯಬಹುದಾದ ನೀರನ್ನು ಅದೂ ಕುಡಿಯಬಹುದು. ಆದರೆ ಬಟ್ಟಲಿನಲ್ಲಿ ಮಲ ಮಾಡುವ ಪ್ರಾಣಿಯಾದ್ದರಿಂದ ದಿನಾಲೂ ಚೆಲ್ಲಿ, ತಿಕ್ಕಿ ತೊಳೆದು, ಹೊಸದನ್ನು ತುಂಬಿಸಬೇಕು.

ಪೆಟ್ಟಿಗೆಯ ಬಗ್ಗೆ. ಮುಂಭಾಗದ ಜಾಳಿಗೆಯ ಮುಕ್ಕಾಲು ಭಾಗವನ್ನು ದಪ್ಪ ಪಾರದರ್ಶಕ ಹಾಳೆಯಿಂದ ಮುಚ್ಚಿ. 100 ವ್ಯಾಟ್‌ನ ಹ್ಯಾಲೊಜನ್ ಬಲ್ಬನ್ನು ಹಲಗೆಯ ಮೇಲೆ ಹಾಕಿ, ಹಲಗೆಯಲ್ಲಿ 36 ಡಿಗ್ರಿ ಬರುವವರೆಗೆ ಎತ್ತರ ಹೊಂದಿಸಿ; ಪ್ರಾಣಿ ಬಲ್ಬನ್ನು ಮುಟ್ಟದಂತೆ ತಂತಿಯ ಬಲೆ ಇರಲಿ. ರಾತ್ರಿಗೆ ಬೆಳಕು ಕೊಡದ ಸೆರಾಮಿಕ್ ಹೀಟರನ್ನು ಥರ್ಮೋಸ್ಟಾಟ್ ಮೂಲಕ ಜೋಡಿಸಿ. ಕೆಳಗಿನಿಂದ ಕಾಯುವ ಬಿಸಿಕಲ್ಲುಗಳನ್ನು ಕೊಳ್ಳಬೇಡಿ. ಹೊಟ್ಟೆ ಸುಡುತ್ತಿದ್ದರೂ ಇಗುವಾನಾಗಳು ಸರಿದು ಕೂರುವುದಿಲ್ಲ. ತೇವಾಂಶಕ್ಕೆ ನಾನು ಮಾಡುವ ಉಪಾಯವೆಂದರೆ, ಒಗೆದ ಗೋಣಿತಟ್ಟನ್ನು ನೀರಿನಲ್ಲಿ ಅದ್ದಿ ಪೆಟ್ಟಿಗೆಯ ಹಿಂಗೋಡೆಗೆ ತೂಗುಹಾಕುವುದು, ಬೆಳಿಗ್ಗೆ ಮಧ್ಯಾಹ್ನ ಎಲೆಗಳ ಮೇಲೆ ನೀರು ಸಿಂಪಡಿಸುವುದು. ತಟ್ಟನ್ನು ಎರಡು ದಿನಕ್ಕೊಮ್ಮೆ ಬಿಸಿಲಿಗೆ ಹಾಕದಿದ್ದರೆ ಬೂಸಲು ಹಿಡಿಯುತ್ತದೆ. ನೆಲಕ್ಕೆ ಉಸುಕು, ಕಟ್ಟಿಗೆಪುಡಿ ಹಾಕಿದ್ದರೆ ತೆಗೆದು ಹಳೆಯ ಪತ್ರಿಕೆ ಹಾಸಿ. ಆಹಾರದ ಜೊತೆ ನುಂಗಿದ ಉಸುಕು ಕರುಳಿನಲ್ಲಿ ಕಟ್ಟಿಕೊಳ್ಳುತ್ತದೆ.

ಯುವಿಬಿ ಟ್ಯೂಬು ಉರಿಯುತ್ತಿದೆ ಎಂದಿರಿ. ಕಣ್ಣಿಗೆ ಕಾಣುವ ಬೆಳಕು ಉಳಿದಿರುತ್ತದೆ, ಕಣ್ಣಿಗೆ ಕಾಣದ ಯುವಿಬಿ ಕಿರಣ ಆರರಿಂದ ಹನ್ನೆರಡು ತಿಂಗಳಿನಲ್ಲಿ ಕುಂದುತ್ತದೆ. ಅದಿಲ್ಲದೆ ದೇಹಕ್ಕೆ ಡಿ3 ಜೀವಸತ್ವ ಸಿಗದು, ಡಿ3 ಇಲ್ಲದೆ ಕ್ಯಾಲ್ಸಿಯಂ ಹತ್ತದು, ಕ್ಯಾಲ್ಸಿಯಂ ಕಡಿಮೆಯಾದರೆ ಮೂಳೆ ಮಾತ್ರವಲ್ಲ, ಕರುಳಿನ ಸ್ನಾಯುಗಳೂ ಸೋಲುತ್ತವೆ. ಹೊಸ ಟ್ಯೂಬು ಬರುವವರೆಗೆ ಬೆಳಗಿನ ಎಳೆಬಿಸಿಲಿನಲ್ಲಿ, ಅರ್ಧ ನೆರಳಿರುವ ತಂತಿಯ ಪಂಜರದಲ್ಲಿ, ಅರ್ಧ ಗಂಟೆ ಇಡಿ. ಕಿಟಕಿಯ ಗಾಜಿನ ಹಿಂದಿನ ಬಿಸಿಲು ಪ್ರಯೋಜನವಿಲ್ಲ, ಗಾಜು ಆ ಕಿರಣವನ್ನು ತಡೆಯುತ್ತದೆ.

ಇನ್ನು ಪಲ್ಲೆಯ ವಿಷಯ, ಇದರ ಬಗ್ಗೆ ನನಗೆ ಹೇಳುವುದು ಬಹಳವಿದೆ. ಪಾಲಕ ಮತ್ತು ರಾಜಗಿರಿಯಲ್ಲಿ ಆಕ್ಸಲೇಟ್ ಹೆಚ್ಚು. ಅದು ಕ್ಯಾಲ್ಸಿಯಮನ್ನು ಹಿಡಿದುಕೊಂಡು ದೇಹಕ್ಕೆ ಸಿಗದಂತೆ ಮಾಡುತ್ತದೆ. ಪುಂಡಿಪಲ್ಲೆಯ ಹುಳಿಯಲ್ಲೂ ಆಕ್ಸಾಲಿಕ್ ಆಮ್ಲವಿದೆ. ನಮಗೆ ರೊಟ್ಟಿಯ ಜೊತೆ ಎಷ್ಟೇ ರುಚಿಯಾದರೂ ಅದಕ್ಕೆ ಕೊಡಬೇಡಿ. ಸವತೆಕಾಯಿಯಲ್ಲಿ ನೀರಿದೆ, ಸತ್ವವಿಲ್ಲ. ಕೋಸುಗಡ್ಡೆಯನ್ನು ದಿನಾಲೂ ಕೊಟ್ಟರೆ ಥೈರಾಯ್ಡ್ ಗ್ರಂಥಿ ಊದುತ್ತದೆ. ಆಹಾರದ ಬಹುಪಾಲು ಗಾಢ ಹಸಿರಿನ ಎಲೆಯೇ ಆಗಿರಬೇಕು, ಮತ್ತು ರಂಜಕದ ಎರಡು ಪಟ್ಟು ಕ್ಯಾಲ್ಸಿಯಂ ಅದರಲ್ಲಿರಬೇಕು. ಈ ಲೆಕ್ಕಕ್ಕೆ ನಮ್ಮ ನುಗ್ಗೆಸೊಪ್ಪಿನಷ್ಟು ಒಳ್ಳೆಯದು, ಇಷ್ಟು ಸುಲಭವಾಗಿ ಸಿಗುವುದು ಬೇರೊಂದಿಲ್ಲ. ಹಿಪ್ಪುನೇರಳೆಯ ಎಲೆ, ದಾಸವಾಳದ ಎಲೆ ಮತ್ತು ಹೂವು, ಇವು ಮೂರು ನನ್ನ ಮನೆಯ ನಿತ್ಯದ ಆಹಾರ. ದಾಸವಾಳದ ಎಲೆ ಒಳಗೆ ಲೋಳೆಯಾಗುವುದರಿಂದ ಮಲ ಗಟ್ಟಿಯಾದಾಗ ಅದನ್ನು ತುಸು ಹೆಚ್ಚಾಗಿಯೇ ಕೊಡುತ್ತೇನೆ. ನನ್ನ ಎರಡೂ ಇಗುವಾನಾಗಳಿಗೆ ಅದು ಒಗ್ಗಿದೆ. ಮೆಂತ್ಯೆಪಲ್ಲೆ, ಹಕ್ಕರಕಿಪಲ್ಲೆಗಳನ್ನು ಆಗಾಗ ಬದಲಾಯಿಸಿ ಸೇರಿಸುತ್ತೇನೆ. ಕುಂಬಳಕಾಯಿ, ಹೀರೇಕಾಯಿಗಳನ್ನು ತುರಿದು ಕಾಲು ಭಾಗದಷ್ಟು ಹಾಕಬಹುದು. ಸಂತೆಯ ಸೊಪ್ಪಿಗೆ ಔಷಧ ಹೊಡೆದಿರುತ್ತಾರೆ, ನಾಲ್ಕು ನೀರಿನಲ್ಲಿ ತೊಳೆಯದೆ ಕೊಡಬೇಡಿ; ಸಾಧ್ಯವಿದ್ದರೆ ಹಿತ್ತಿಲಿನಲ್ಲಿ ಒಂದು ನುಗ್ಗೆ, ಒಂದು ದಾಸವಾಳ ಹಚ್ಚಿಬಿಡಿ. ಕೊಡುವ ಮುಂಚೆ ಎಲೆಗಳನ್ನು ನೀರಿನಲ್ಲಿ ಅದ್ದಿ, ಕೊಡವದೆ, ಹನಿ ತೊಟ್ಟಿಕ್ಕುತ್ತಿರುವಾಗಲೇ ಇಡಿ. ಅದಕ್ಕೆ ನೀರು ಕುಡಿಸುವ ಇದಕ್ಕಿಂತ ಸಲೀಸಾದ ದಾರಿ ನನಗೆ ಗೊತ್ತಿಲ್ಲ.

ಆದರೆ ಇದೆಲ್ಲ ವೈದ್ಯರು ನೋಡಿ, ಕರುಳು ತೆರವಾದ ಮೇಲಿನ ಮಾತು.

ಪ್ರತಿಕ್ರಿಯೆ
ಸಪ್ತಾಪುರದ ಶಿಕ್ಷಕಿ, ಧಾರವಾಡ
ಜನವರಿ 24

ಹನ್ನೆರಡು ದಿನಗಳಾದ ಮೇಲೆ ಬರೆಯುತ್ತಿದ್ದೇನೆ, ತಡವಾದದ್ದಕ್ಕೆ ಕ್ಷಮೆಯಿರಲಿ. ಎಕ್ಸ್-ರೇಯಲ್ಲಿ ಮೊಟ್ಟೆಗಳಿರಲಿಲ್ಲ. ದೊಡ್ಡಕರುಳಿನಲ್ಲಿ ಒಣಗಿದ ಮಲ, ಅದರ ಹಿಂದೆಯೇ ಯೂರೇಟಿನ (ಮೂತ್ರದ ಆ ಬಿಳಿಯ ಅಂಶದ) ನಿಂಬೆಕಾಯಿಗಿಂತ ತುಸು ಚಿಕ್ಕ ಗಟ್ಟಿ ಕಂಡಿತು. ಮೂತ್ರಪಿಂಡಗಳು ಸ್ವಲ್ಪ ದೊಡ್ಡದಾಗಿವೆ, ಆದರೆ ಕರುಳನ್ನು ಪೂರ್ತಿ ಅದುಮುವಷ್ಟಲ್ಲ ಎಂದರು. ನಾಲ್ಕು ದಿನ ಪ್ರತಿದಿನ 25 ಮಿಲಿಲೀಟರ್ ದ್ರವವನ್ನು ಚರ್ಮದ ಕೆಳಗೆ ಕೊಟ್ಟರು. ಮೂರನೆಯ ದಿನ ಸಂಜೆಯ ಸ್ನಾನದಲ್ಲಿ ಮೊದಲು ಆ ಹಳದಿ ಗಟ್ಟಿ, ಅದರ ಬೆನ್ನಿಗೇ ಕಪ್ಪಗಿನ ಮಲ ಬಿತ್ತು. ಅತ್ತೆಯವರು ಪಕ್ಕದಲ್ಲೇ ಇದ್ದರು; ಇಬ್ಬರಿಗೂ ಕಣ್ಣು ತುಂಬಿ ಬಂದವು.

ಈಗ ಹಲಗೆಯಲ್ಲಿ 36 ಡಿಗ್ರಿ, ರಾತ್ರಿ 24, ತೇವಾಂಶ 60ರಿಂದ 70ರ ನಡುವೆ ಇದೆ. ನುಗ್ಗೆಸೊಪ್ಪನ್ನು ಮೊದಲ ಎರಡು ದಿನ ಮೂಸಿ ಬಿಟ್ಟಿತು, ದಾಸವಾಳದ ಹೂವಿನ ಚೂರುಗಳ ಜೊತೆ ಕಲಸಿಟ್ಟಾಗ ತಿಂದಿತು. ತೂಕ 1,690 ಗ್ರಾಂ. ಬಿಳಿಯ ಭಾಗ ಮತ್ತೆ ಮೆತ್ತಗಾಗಿದೆ. ರಕ್ತಪರೀಕ್ಷೆಯಲ್ಲಿ ರಂಜಕ ಕ್ಯಾಲ್ಸಿಯಮಿಗೆ ಬಹಳ ಹತ್ತಿರ ಬಂದಿದೆ, ಮತ್ತೆ ನೋಡಬೇಕು ಎಂದಿದ್ದಾರೆ. ಅದರ ಅರ್ಥವೇನೆಂದು ಗದಗಿನ ಡಾಕ್ಟರು ತಿಳಿಸಿದರೆ ಉಪಕಾರವಾಗುತ್ತದೆ.

ಉತ್ತರ
ನಿವೃತ್ತ ಪಶುವೈದ್ಯ, ಗದಗ
ಜನವರಿ 24, ರಾತ್ರಿ

ಓದಿ ಬಹಳ ಸಂತೋಷವಾಯಿತು. ಆರೋಗ್ಯವಂತ ಇಗುವಾನಾದ ರಕ್ತದಲ್ಲಿ ಕ್ಯಾಲ್ಸಿಯಂ ರಂಜಕಕ್ಕಿಂತ ಸ್ಪಷ್ಟವಾಗಿ ಹೆಚ್ಚಿರುತ್ತದೆ. ಮೂತ್ರಪಿಂಡ ಸೋಲುತ್ತ ಹೋದಂತೆ ರಂಜಕ ಮೇಲೇರಿ ಆ ಲೆಕ್ಕ ತಲೆಕೆಳಗಾಗುತ್ತದೆ. ನಿಮ್ಮದು ಇನ್ನೂ ತಲೆಕೆಳಗಾಗಿಲ್ಲ, ಹತ್ತಿರ ಬಂದಿದೆ ಅಷ್ಟೇ. ನಿರ್ಜಲತೆಯಿಂದಲೂ ಹಾಗೆ ಕಾಣಬಹುದು. ನಾಲ್ಕರಿಂದ ಆರು ವಾರ ಬಿಟ್ಟು, ಚೆನ್ನಾಗಿ ನೀರು ಕುಡಿದಿರುವಾಗ, ಯೂರಿಕ್ ಆಮ್ಲವನ್ನೂ ಸೇರಿಸಿ ಮತ್ತೆ ಪರೀಕ್ಷಿಸಿ. ಅಲ್ಲಿಯವರೆಗೆ ವಾರಕ್ಕೊಮ್ಮೆ ಒಂದೇ ಹೊತ್ತಿನಲ್ಲಿ ತೂಗಿ, ತೂಕವನ್ನೂ ಮಲ ಬಿದ್ದ ದಿನವನ್ನೂ ಯೂರೇಟಿನ ಬಣ್ಣವನ್ನೂ ಒಂದು ನೋಟುಪುಸ್ತಕದಲ್ಲಿ ಬರೆದಿಡಿ, ವೈದ್ಯರಿಗೆ ಅದು ಬಹಳ ನೆರವಾಗುತ್ತದೆ.

ಹೆಣ್ಣೆಂದು ಈಗ ಗೊತ್ತಾಗಿರುವುದರಿಂದ ಇನ್ನೊಂದು ಮಾತು. ಈ ವರ್ಷ ಮೊಟ್ಟೆ ಕಟ್ಟದಿದ್ದರೂ ಮುಂದಿನ ಚಳಿಗಾಲಕ್ಕೆ ಕಟ್ಟಬಹುದು. ಅಕ್ಟೋಬರ್ ಹೊತ್ತಿಗೇ ತೇವದ ಮಣ್ಣು ತುಂಬಿದ, ಅದು ಒಳಹೊಕ್ಕು ತಿರುಗುವಷ್ಟು ದೊಡ್ಡದಾದ ಒಂದು ಮುಚ್ಚಿದ ಡಬ್ಬಿಯನ್ನು ಪೆಟ್ಟಿಗೆಯ ಕೆಳಭಾಗದಲ್ಲಿ ಇಟ್ಟಿರಿ. ಅಗೆಯಲು ಜಾಗ ಸಿಗದೆ ಮೊಟ್ಟೆಗಳನ್ನು ಹೊಟ್ಟೆಯಲ್ಲೇ ತಡೆದುಕೊಂಡ ಹೆಣ್ಣುಗಳನ್ನು ಎಷ್ಟೋ ಸಲ ಶಸ್ತ್ರಚಿಕಿತ್ಸೆಯಿಂದಲೇ ಉಳಿಸಿಕೊಳ್ಳಬೇಕಾಗುತ್ತದೆ.